ಬಾವುಟದ ಚಿಕ್ಕಮಲ್ಲಪ್ಪನವರ ರೀಲು

ಕನಕರಾಜು ಕೆಟ್ಟಿದ್ದು ಕೋಪದಿಂದ ಎಂದು ಗುಂಡ್ಲುಪೇಟೆಯವರು ಹೇಳುತ್ತಾರೆ. ಅಲ್ಲ, ನಾಲಗೆಯಿಂದ ಎಂದು ಅವನ ಹೆಂಡತಿ ಭವ್ಯ ಹೇಳುತ್ತಾಳೆ. ಈ ಕತೆಯ ಮಟ್ಟಿಗೆ ಇಬ್ಬರ ಮಾತೂ ಸರಿ. ಒಂದು ಸಂಜೆ ನಾಲಗೆ ಹೊತ್ತಿಸಿದ ಬೆಂಕಿಗೆ ಮರುದಿನವಿಡೀ ಕೋಪ ಸೌದೆ ಒಟ್ಟಿತು.

ಅವನ ಕೆಲಸವೇ ವಿಚಿತ್ರದ್ದು. ಟೀವಿ ಧಾರಾವಾಹಿ, ಸಾಕ್ಷ್ಯಚಿತ್ರ ಮಾಡುವವರಿಗೆ ಹಳೆಯ ಕಾಲದ ಫಿಲಂ ತುಣುಕುಗಳನ್ನು ಹುಡುಕಿ ತಂದುಕೊಡುವುದು. ಯುದ್ಧ ಬೇಕೆಂದರೆ ಯುದ್ಧ, ಬರಗಾಲ ಬೇಕೆಂದರೆ ಬರಗಾಲ, ಹಳೇ ರೈಲು ಬೇಕೆಂದರೆ ಹೊಗೆಯ ಸಮೇತ ರೈಲು. ಸರ್ಕಾರಿ ಉಗ್ರಾಣಗಳ ಧೂಳು ಕುಡಿದು, ಮುಚ್ಚಿಹೋದ ಟಾಕೀಸುಗಳ ಅಟ್ಟ ಹತ್ತಿ, ತುಕ್ಕು ಹಿಡಿದ ಡಬ್ಬಿಗಳನ್ನು ಮೂಸಿ ನೋಡುತ್ತಿದ್ದ. ಹುಳಿ ವಾಸನೆ ಬಂದರೆ ಫಿಲಂ ಸತ್ತಿದೆ ಎಂದೇ ಲೆಕ್ಕ. "ಗುಜರಿಯವ್ರಾದ್ರೂ ತಕ್ಕಡಿ ಇಟ್ಕೊಂಡಿರ್ತಾರೆ, ನಿಮ್ಗೆ ಮೂಗು ಮಾತ್ರ" ಎಂದು ಭವ್ಯ ಹಂಗಿಸುತ್ತಿದ್ದಳು.

ಸ್ವಾತಂತ್ರ್ಯ ಬಂದು ಐವತ್ತು ವರ್ಷ ತುಂಬಲಿದ್ದ ಆ ಆಷಾಢದಲ್ಲಿ, ಬೆಂಗಳೂರಿನ ಡೈರೆಕ್ಟರ್ ಶಂಕರ್ ತಮ್ಮ ತಂಡದೊಂದಿಗೆ ಚಾಮರಾಜನಗರದ ಪ್ರವಾಸಿ ಮಂದಿರದಲ್ಲಿ ಬೀಡುಬಿಟ್ಟಿದ್ದರು. ಸ್ವಾತಂತ್ರ್ಯ ಹೋರಾಟದ ಧಾರಾವಾಹಿ. ಕನಕರಾಜು ತಂದುಕೊಟ್ಟ ಕ್ಯಾಸೆಟ್ಟನ್ನು ಹಾಕಿ ನೋಡಿದವರೇ ಅದನ್ನು ಕಿತ್ತು ಮಂಚದ ಮೇಲೆ ಎಸೆದರು.

"ಅದೇ ಡೆಲ್ಲಿ, ಅದೇ ಕೋಟೆ, ಅದೇ ಬಾವುಟ! ಹತ್ತು ಸೀರಿಯಲ್‌ನಲ್ಲಿ ಇದನ್ನೇ ನೋಡಿ ನೋಡಿ ಜನಕ್ಕೆ ಬಾವುಟದ ಹಗ್ಗದ ಗಂಟು ಕೂಡ ಗುರುತು ಸಿಗುತ್ತೆ ಕಣಯ್ಯ. ನಮ್ಮ ಕಡೇದು ಏನೂ ಇಲ್ವಾ? ಇಲ್ಲಿನ ಜನ ಆಗ ನಿದ್ದೆ ಮಾಡ್ತಿದ್ರಾ?"

ಅಲ್ಲಿಗೆ ಸುಮ್ಮನಿದ್ದಿದ್ದರೆ ಆಗುತ್ತಿತ್ತು. ಆದರೆ ಕನಕರಾಜುವಿಗೆ ರೇಗಿತು.

"ನಿದ್ದೆ ಮಾಡ್ತಿರ್ಲಿಲ್ಲ ಸಾರ್! ನಲವತ್ತೆರಡರಲ್ಲಿ ಗುಂಡ್ಲುಪೇಟೆ ಕಚೇರಿ ಮೇಲೆ ಬಾವುಟ ಏರಿಸಿದ್ದು ನಮ್ಮ ತಾತ. ನೀಲಗಿರಿ ಕಡೆಯ ಟೀ ತೋಟದ ದೊರೆ ಒಬ್ಬ ಅದನ್ನ ಕ್ಯಾಮೆರಾದಲ್ಲಿ ಹಿಡಿದಿದ್ದಾನೆ. ರೀಲು ನಮ್ಮೂರಲ್ಲೇ ಇದೆ."

ತಾತನ ವಿಷಯ ಅವನು ಕಟ್ಟಿ ಹೇಳಿದ್ದಲ್ಲ. ಬಾವುಟದ ಚಿಕ್ಕಮಲ್ಲಪ್ಪ ಎಂದರೆ ಗುಂಡ್ಲುಪೇಟೆಯಲ್ಲಿ ಗೊತ್ತಿಲ್ಲದವರಿಲ್ಲ. ಮೂರು ತಿಂಗಳು ಜೈಲಿನಲ್ಲಿದ್ದು ಬಂದವರು. ಅವರ ಹೆಸರಿನ ಬೀದಿಯಿದೆ. ಪ್ರತಿ ಆಗಸ್ಟಿನಲ್ಲಿ ಶಾಲೆಯ ಮಕ್ಕಳು ಮನೆಗೇ ಬಂದು ಫೋಟೋಗೆ ಹಾರ ಹಾಕುತ್ತಾರೆ. ದೊರೆ ದೇಶ ಬಿಡುವಾಗ ಟೆಂಟ್ ಸಿನಿಮಾದವರಿಗೆ ಕೊಟ್ಟುಹೋದ ರೀಲಿನ ಸುದ್ದಿಯನ್ನೂ ಕನಕರಾಜು ಬಾಲ್ಯದಿಂದ ಕೇಳಿದ್ದ. ನೋಡಿದ್ದು ಮಾತ್ರ ಇಲ್ಲ.

"ನಾಳೆ ಸಂಜೆಯೊಳಗೆ ಇಲ್ಲಿರಬೇಕು" ಎಂದರು ಶಂಕರ್. "ಹದಿನಾರು ಎಂಎಂ ಪ್ರೊಜೆಕ್ಟರ್ ನನ್ನ ಹತ್ರ ಇದೆ. ತಂದ್ರೆ ಮೊದಲ ಕಂತೇ ನಿಮ್ಮ ತಾತನದು. ತರದಿದ್ರೆ ಡೆಲ್ಲಿ ತುಣುಕೇ ಹಾಕ್ತೀನಿ, ನೀನು ಬೇರೆ ಕೆಲಸ ನೋಡ್ಕೋ."

ಮರುದಿನ ಬೆಳಗ್ಗೆ ಮೊದಲ ಬಸ್ಸಿಗೇ ಕನಕರಾಜು ಗುಂಡ್ಲುಪೇಟೆಗೆ ಬಂದಿಳಿದು ನೇರ ಹುಚ್ಚಯ್ಯನ ಮನೆಗೆ ಹೋದ. ಹುಚ್ಚಯ್ಯ ಒಂದು ಕಾಲದಲ್ಲಿ ಟೆಂಟ್ ಸಿನಿಮಾದ ಆಪರೇಟರ್. ಟೆಂಟು ಹೋಗಿ ಎಷ್ಟೋ ವರ್ಷವಾಗಿದ್ದರೂ ಡಬ್ಬಿಗಳು ಅವನ ಮನೆ ಬಿಟ್ಟಿರಲಿಲ್ಲ. ಒಂದರಲ್ಲಿ ಹುರುಳಿ, ಇನ್ನೊಂದರಲ್ಲಿ ಎಲೆಅಡಿಕೆ, ಮತ್ತೊಂದರ ಮೇಲೆ ಬೆಕ್ಕು.

"ಹುಚ್ಚಯ್ಯಮಾವ, ತಾತ ಬಾವುಟ ಏರ್ಸಿದ ರೀಲು ಎಲ್ಲದೆ? ಕೊಡು, ಟೀವೀಲಿ ಬತ್ತದೆ."

ಮುದುಕನ ಕೈಯಲ್ಲಿದ್ದ ಟೀ ಲೋಟ ಅರ್ಧ ದಾರಿಯಲ್ಲಿ ನಿಂತಿತು.

"ಯಾವ್ ರೀಲ್ಲಾ? ಅದು... ಸುಟ್ಟೋಯ್ತು ಕಣ."

"ಯಾವಾಗ?"

"ಆವಾಗ್ಲೇ. ಅಂದ್ರೆ, ಸುಡ್ಲಿಲ್ಲ. ಸುಡದು ಬ್ಯಾಡ ಅಂತ ಮದ್ದೂರು ಮೂಗಯ್ಯಂಗೆ ಕೊಟ್ಬುಟ್ಟೆ. ಟೆಂಟಲ್ಲಿ ಟಿಕೀಟ್ ಹರೀತಿದ್ನಲ್ಲ, ಅವ್ನೇ. ಈಗ ಫಾರೆಸ್ಟ್ ಗೇಟಲ್ಲಿ ವಾಚರ್ ಆಗವ್ನೆ."

"ಸುಡೋದಕ್ಕೂ ಕೊಡೋದಕ್ಕೂ ವ್ಯತ್ಯಾಸ ಗೊತ್ತಾಗ್ದಷ್ಟು ವಯಸ್ಸಾಯ್ತಾ ನಿಂಗೆ?" ಎಂದು ಕನಕರಾಜು ಬಾಗಿಲನ್ನು ಧಡಾರನೆ ಎಳೆದುಕೊಂಡು ಹೊರಟ. ಅವನು ಬೀದಿಯ ತಿರುವು ದಾಟುವ ಮೊದಲೇ ಹುಚ್ಚಯ್ಯ ಪಂಚೆ ಎತ್ತಿಕಟ್ಟಿ ಎದುರಿನ ಎಸ್‌ಟಿಡಿ ಬೂತಿಗೆ ನುಗ್ಗಿದ್ದನ್ನು ಅವನು ನೋಡಲಿಲ್ಲ.

ಕೇರಳದ ಗಡಿಯತ್ತ ಕಾಡಂಚಿನಲ್ಲಿರುವ ಮದ್ದೂರಿನ ದಾರಿಯಲ್ಲಿ ಸಿಕ್ಕಿದ್ದು ಕೇರಳಕ್ಕೆ ಟೊಮೇಟೊ ಹೊತ್ತೊಯ್ಯುವ ಲಾರಿ. ಡ್ರೈವರ್ ದಾರಿಯುದ್ದಕ್ಕೂ ಮಲಯಾಳದಲ್ಲಿ ಏನೋ ಕೇಳುತ್ತ ಬಂದ, ಕನಕರಾಜು ಕನ್ನಡದಲ್ಲಿ ಹುಚ್ಚಯ್ಯನನ್ನು ಬಯ್ಯುತ್ತ ಬಂದ. ಇಬ್ಬರಿಗೂ ಸಮಾಧಾನವಾಗಿತ್ತು. ಗೇಟಿನ ಬಳಿ ಇಳಿದರೆ ಮೂಗಯ್ಯ ಖಾಕಿ ಅಂಗಿಯ ಗುಂಡಿ ಹಾಕಿಕೊಳ್ಳುತ್ತ ಓಡಿ ಬಂದ.

"ಮೂಗಯ್ಯಣ್ಣ, ನಮ್ ತಾತಂದು..."

"ಇಲ್ಲ" ಎಂದ ಮೂಗಯ್ಯ.

"ನಾನಿನ್ನೂ ಏನೂ ಕೇಳ್ಲೇ ಇಲ್ಲ!"

"ಕೇಳು, ಆಮೇಕೆ ಇಲ್ಲ ಅಂತೀನಿ."

ಸಿಟ್ಟು ನೆತ್ತಿಗೇರದಿದ್ದರೆ ಕನಕರಾಜುವಿಗೆ ಅಲ್ಲೇ ಅನುಮಾನ ಬರಬೇಕಿತ್ತು. ಆದರೆ ಅವನ ತಲೆ ಆಗಲೇ ಅರಿಶಿನ ಬೇಯಿಸುವ ಕೊಪ್ಪರಿಗೆಯಾಗಿತ್ತು. ಅವನು ಕೂಗಾಡಿದ. ಗೇಟಿನಲ್ಲಿ ನಿಂತಿದ್ದ ಮೂರು ಲಾರಿಗಳ ಜನ ಇಳಿದುಬಂದು ಸುತ್ತ ನಿಂತರು. ಮೂಗಯ್ಯ ರೇಷ್ಮೆಹುಳುವಿನಂತೆ ತಲೆಯನ್ನು ಅತ್ತಿತ್ತ ಆಡಿಸಿ, ಕೊನೆಗೆ ಕಿವಿಯ ಹತ್ತಿರ ಬಂದು ಹೇಳಿದ:

"ಸುಳ್ಯಾಕೆ ಹೇಳ್ಲಿ ಕನಕ, ಇಲ್ಲಿ ಸೆಕೆಗೆ ಕೆಟ್ಟೋದದು ಅಂತ ಗೋಪಾಲಸ್ವಾಮಿ ಬೆಟ್ಟದ ಅರ್ಚಕರತ್ರ ಮಡಗಿವ್ನಿ. ಮ್ಯಾಲೆ ತಣ್ಣಗಿರ್ತದಲ್ಲ."

ಕನಕರಾಜುವಿಗೆ ಆ ಮಾತು ನಾಟಿತು. ಫಿಲಂ ತಂಪಿನಲ್ಲಿಟ್ಟರೆ ಬಾಳುತ್ತದೆ ಎಂಬುದು ಅವನ ಕಸುಬಿನವರಿಗಷ್ಟೇ ಗೊತ್ತಿರುವ ವಿಷಯ. ಟಿಕೀಟು ಹರಿಯುತ್ತಿದ್ದವನಿಗೆ ಇಷ್ಟು ಬುದ್ಧಿಯೇ ಎಂದು ಮೆಚ್ಚಿ, ಮೆಚ್ಚಿದ್ದಕ್ಕೆ ತನ್ನ ಮೇಲೇ ಸಿಟ್ಟಾಗಿ, ಗುಂಡ್ಲುಪೇಟೆಗೆ ವಾಪಸು ಬಂದು, ಅಲ್ಲಿಂದ ಹಂಗಳ, ಹಂಗಳದಿಂದ ಬಾಡಿಗೆ ಜೀಪು ಹಿಡಿದ.

ಬೆಟ್ಟದ ರಸ್ತೆಯಲ್ಲಿ ಮಂಜು. ಮಂಜಿನೊಳಗೊಂದು ಆನೆ. ರಸ್ತೆಯ ನಟ್ಟನಡುವೆ ನಿಂತು, ಬೆಟ್ಟವೇ ತನ್ನ ಹೆಸರಿಗೆ ಖಾತೆಯಾಗಿದೆ ಎಂಬಂತೆ ಬಿದಿರು ಮುರಿಯುತ್ತಿತ್ತು. ಜೀಪಿನವನು ಎಂಜಿನ್ ಆರಿಸಿ ಉಸಿರು ಬಿಗಿಹಿಡಿದ. ಕನಕರಾಜು ಹಲ್ಲು ಕಡಿಯುತ್ತ ಕಿಟಕಿಯಿಂದ ತಲೆ ಹಾಕಿ, "ಏಯ್, ನಿಂಗೂ ಹುಚ್ಚಯ್ಯ ಫೋನ್ ಮಾಡಿದ್ನೇನೋ!" ಎಂದುಬಿಟ್ಟ. ಬಾಯಿಗೆ ಬಂದ ಮಾತು, ಅಷ್ಟೇ. ಹುಚ್ಚಯ್ಯ ಫೋನ್ ಮಾಡಿದ್ದು ಮೂಗಯ್ಯನಿಗೆ ಎಂದು ಅವನಿಗೆ ಹೇಗೆ ಗೊತ್ತಾಗಬೇಕು? ಆನೆ ಕಿವಿಯಗಲಿಸಿತು.

"ಬಾಯಿ ಮುಚ್ಕೊಳಿ ಸಾರ್, ಕಾಲಿಗ್ ಬೀಳ್ತೀನಿ" ಎಂದು ಜೀಪಿನವನು ಅವನ ಅಂಗಿ ಹಿಡಿದು ಒಳಗೆಳೆದ. ಆನೆಗೆ ಇವನ ಮೇಲೆ ಕನಿಕರ ಬಂತೋ, ಬಿದಿರು ಮುಗಿಯಿತೋ, ಬಹಳ ಹೊತ್ತಿನ ಮೇಲೆ ದಾರಿ ಬಿಟ್ಟಿತು.

ಮೇಲೆ ಅರ್ಚಕರು ಎಲ್ಲವನ್ನೂ ಕೇಳಿ ಕಣ್ಣು ಕಣ್ಣು ಬಿಟ್ಟರು. "ಫಿಲಮ್ಮೇ? ಸ್ವಾಮಿಯ ಫೋಟೋ ತೆಗೆಯುವುದಕ್ಕೇ ನಾವು ಬಿಡೋದಿಲ್ಲ. ಆ ಮೂಗಯ್ಯ ಬೆಟ್ಟ ಹತ್ತಿ ವರ್ಷಗಳಾದವು. ತಗೊಳ್ಳಿ, ಪುಳಿಯೋಗರೆ."

ಪ್ರಸಾದದ ದೊನ್ನೆ ಹಿಡಿದು ಮಂಜಿನಲ್ಲಿ ನಿಂತ ಕನಕರಾಜು ಪುಳಿಯೋಗರೆಯನ್ನು ಸಿಟ್ಟಿನಿಂದಲೇ ಬಾಯಿಗೆ ಹಾಕಿಕೊಂಡ. ದೇವರೆದುರು ಬಯ್ಯಬಾರದೆಂದು ಬೆಟ್ಟ ಇಳಿಯುವವರೆಗೆ ತಡೆದುಕೊಂಡ. ಇಳಿದ ಮೇಲೆ ಅವನು ಬಳಸಿದ ಮಾತುಗಳನ್ನು ಕೇಳಿ, ಆನೆಗೆ ಹೆದರಿದ್ದಕ್ಕಿಂತ ಹೆಚ್ಚು ಹೆದರಿದ ಜೀಪಿನವನು ಬಾಡಿಗೆಗೆ ಚೌಕಾಸಿಯನ್ನೇ ಮಾಡಲಿಲ್ಲ.

ಗುಂಡ್ಲುಪೇಟೆ ಬಸ್ ನಿಲ್ದಾಣದಲ್ಲಿ ಹೂ ಮಾರುತ್ತಿದ್ದ ಸೋಮಮ್ಮ ಸತ್ಯಮಂಗಲದ ಕಡೆಯಿಂದ ಇತ್ತೀಚೆಗೆ ಬಂದು ನೆಲೆಸಿದವಳು. ಊರಿನ ಒಳಗುಟ್ಟುಗಳು ಅವಳಿಗೆ ತಿಳಿಯವು. ಹುಚ್ಚಯ್ಯನ ಹೆಸರು ಹಿಡಿದು ಬಯ್ಯುತ್ತ ಬಂದ ಕನಕರಾಜುವನ್ನು ಅವಳೇ ಕರೆದು ಹೇಳಿದಳು:

"ಏನಣ್ಣಾ, ಮುಖ ಕೆಂಪಗೆ ಕನಕಾಂಬರ ಆಗೋಗಿದೆ? ಆ ಹುಚ್ಚಯ್ಯ ತಾತನ್ನ ಹುಡುಕ್ತಿದ್ದೀಯಾ? ಮದ್ಯಾನ ಒಂದು ಡಬ್ಬಾ ಸೆರಗಲ್ಲಿ, ಅಯ್ಯೋ, ಟವೆಲಲ್ಲಿ ಸುತ್ಕೊಂಡು ಅವ್ರಕ್ಕ ರಾಚಮ್ಮನ ಮನೆ ಕಡೆ ಓಡ್ತಿದ್ರು. ಆ ವಯಸ್ಸಲ್ಲಿ ಎಂಥಾ ಓಟ!"

ಕನಕರಾಜು ಓಡಿದ ಓಟ ಅದಕ್ಕಿಂತ ಜೋರಿತ್ತು.

ರಾಚಮ್ಮನ ಮನೆಯಲ್ಲಿ ಹುಚ್ಚಯ್ಯ ಗೋಡೆಗೊರಗಿ ಕುಳಿತು ಏದುಸಿರು ಬಿಡುತ್ತಿದ್ದ. ಎಪ್ಪತ್ತರ ಹತ್ತಿರದ ರಾಚಮ್ಮ ಮರದ ಪೆಟ್ಟಿಗೆಯ ಮೇಲೆ, ಮೊಟ್ಟೆಯ ಮೇಲೆ ಕೂತ ಕೋಳಿಯಂತೆ, ಭದ್ರವಾಗಿ ಕುಳಿತಿದ್ದಳು. ಕನಕರಾಜು ಬಾಯಿ ತೆರೆಯುವ ಮೊದಲೇ ಅವಳು ಕೇಳಿದಳು:

"ಉಂಡಿದ್ದೀಯೇನ್ಲಾ ಮಗ?"

"ಊಟ ಬ್ಯಾಡ! ಎದ್ದೇಳವ್ವ ಪೆಟ್ಗೆ ಮೇಲಿಂದ!"

"ಹೊಟ್ಟೆಗಿಲ್ದೆ ಕೂಗಿದ್ರೆ ತಲೆ ತಿರುಗ್ತದೆ. ಹುಚ್ಚ, ಇವ್ನಿಗೆ ಮುದ್ದೆ ಇಕ್ಕು."

ಮುದ್ದೆ, ಉಪ್ಸಾರು ಬಂತು. ಬೆಳಗಿನಿಂದ ಪುಳಿಯೋಗರೆ ಬಿಟ್ಟರೆ ಏನೂ ಕಾಣದ ಹೊಟ್ಟೆ ಅವನ ಮಾತು ಕೇಳಲಿಲ್ಲ. ಹೀಗಾಗಿ ಅವನು ಒಂದು ತುತ್ತು ನುಂಗಿ ಒಂದು ಬೈಗುಳ, ಮತ್ತೊಂದು ತುತ್ತು ನುಂಗಿ ಮತ್ತೊಂದು ಬೈಗುಳದಂತೆ ಊಟ ಮುಗಿಸಿದ. ಉಪ್ಸಾರಿನ ಖಾರ ಬೈಗುಳಕ್ಕೆ ಒಳ್ಳೆಯ ಜೊತೆಯಾಯಿತು.

"ಬ್ಯಾಡ ಕನಕ" ಎಂದಳು ರಾಚಮ್ಮ ಮೆತ್ತಗೆ. "ಅಳೇದು ಅಳೇದಾಗೇ ಇರ್ಲಿ. ನಿಮ್ ತಾತ ಒಳ್ಳೆ ಮನುಸ. ಎಲ್ರ ಬಾಯಲ್ಲೂ ಒಳ್ಳೆ ಎಸ್ರದೆ. ಅದ್ಕಿಂತ ಟೀವಿ ಬೇಕಾ?"

ಕೈ ತೊಳೆಯುತ್ತಿದ್ದ ಕನಕರಾಜು ಚೊಂಬನ್ನು ನೆಲಕ್ಕೆ ಕುಕ್ಕಿದ.

"ಈಗ ಗೊತ್ತಾಯ್ತು! ಹೊಟ್ಟೆಕಿಚ್ಚು! ನಿಮ್ಮ ಮನೇಲಿ ಒಬ್ರಾದ್ರೂ ದೇಶಕ್ಕೆ ಅಂತ ಒಂದು ಕಡ್ಡಿ ಎತ್ತಿದ್ದೀರಾ? ನಮ್ ತಾತ ಏಟು ತಿಂದ್ರು, ಜೈಲು ಕಂಡ್ರು. ಅವ್ರ ಎಸ್ರು ರಾಜ್ಯಕ್ಕೆಲ್ಲ ಗೊತ್ತಾದ್ರೆ ನಿಮ್ಗೆ ತಡ್ಯಾಕಾಗಲ್ಲ. ಊರೆಲ್ಲ ಸೇರ್ಕಂಡು ನನ್ನ ಬೆಟ್ಟ ಹತ್ತುಸ್ಬುಟ್ರಿ!"

ಹುಚ್ಚಯ್ಯ ರೋಷದಿಂದ ಏನೋ ಹೇಳಲು ಬಾಯಿ ತೆರೆದ. ರಾಚಮ್ಮ ಕೈಯೆತ್ತಿ ತಡೆದಳು. ಮೊಣಕಾಲು ಹಿಡಿದುಕೊಂಡು ಪೆಟ್ಟಿಗೆಯ ಮೇಲಿಂದ ಎದ್ದಳು.

"ಕೊಟ್ಬುಡು ಹುಚ್ಚ. ಆದ್ರೆ ಮಗ, ಮೊದ್ಲು ಒಬ್ನೇ ನೋಡ್ಕೊ."

"ಒಬ್ನೇ ಯಾಕೆ? ರಾಜ್ಯವೇ ನೋಡ್ಲಿ!"

"ಅಂಗಾದ್ರೆ ನಾವೂ ಬತ್ತೀವಿ" ಎಂದು ಹುಚ್ಚಯ್ಯ ಚಪ್ಪಲಿ ಮೆಟ್ಟಿದ. "ಅಳೇ ಫಿಲಮ್ಮು, ಅಂಚಿನ ತೂತೆಲ್ಲ ಸವೆದದೆ. ಮಿಶಿನ್ನಿಗೆ ನಾನೇ ಏರಿಸ್ಬೇಕು. ಬ್ಯಾರೆಯೋರು ಮುಟ್ಟಿದ್ರೆ ನಾರ್ನಾರಾಗೋಯ್ತದೆ."

ಸಂಜೆಯ ಹೊತ್ತಿಗೆ ಮೂವರೂ ಪ್ರವಾಸಿ ಮಂದಿರ ಮುಟ್ಟಿದರು. ಕನಕರಾಜು ಡಬ್ಬಿಯನ್ನು ಎರಡೂ ಕೈಯಲ್ಲಿ ಎತ್ತಿ ಹಿಡಿದು, ಮದುವೆಯ ಮನೆಗೆ ಕಳಶ ತಂದವನಂತೆ ಒಳಗೆ ನಡೆದ. ಶಂಕರ್ ಮುಚ್ಚಳ ತೆಗೆದು ಮೂಸಿದರು. ಹುಳಿ ವಾಸನೆ ಇರಲಿಲ್ಲ. ಅವರ ಕಣ್ಣು ಹೊಳೆಯಿತು. ಗೋಡೆಗೆ ಬಿಳಿ ಪಂಚೆ ಕಟ್ಟಿದರು, ದೀಪ ಆರಿಸಿದರು. ಪ್ರೊಜೆಕ್ಟರ್ ಕರಕರ ಎಂದಿತು.

ಪಂಚೆಯ ಮೇಲೆ ಗುಂಡ್ಲುಪೇಟೆ ಎದ್ದಿತು. ಎತ್ತಿನ ಗಾಡಿಗಳು, ಪೇಟ ಸುತ್ತಿದ ಗಂಡಸರು, ಕಚೇರಿಯ ಮೆಟ್ಟಿಲು. ಮೆಟ್ಟಿಲ ಮೇಲೆ ಕುರ್ಚಿಯಲ್ಲಿ ತಾಲ್ಲೂಕಿನ ದೊಡ್ಡ ಅಧಿಕಾರಿ ಅಮಲ್ದಾರರು. ದೂರದಿಂದ ತಮಟೆ ಬಾರಿಸುತ್ತ ಬರುವ ಮೆರವಣಿಗೆ.

"ಅದ್ಭುತ!" ಎಂದು ಶಂಕರ್ ಪಿಸುಗುಟ್ಟಿದರು. "ಎಲ್ಲಪ್ಪ ನಿಮ್ಮ ತಾತ?"

"ಬತ್ತಾರೆ ಸಾರ್, ಈಗ ಬತ್ತಾರೆ!"

ಅಷ್ಟರಲ್ಲಿ ಪರದೆ ಕಪ್ಪಾಯಿತು. ನೋಡಿದರೆ ಹುಚ್ಚಯ್ಯ ತನ್ನ ಅಗಲವಾದ ಅಂಗೈಯನ್ನು ಲೆನ್ಸಿಗೆ ಅಡ್ಡ ಹಿಡಿದಿದ್ದ.

"ಬಲ್ಬ್ ಓಯ್ತು" ಎಂದ.

"ಬಲ್ಬಲ್ಲ, ನಿನ್ ಕೈ! ತೆಗೀಯೋ ಮುದ್ಕ!" ಎಂದು ಕನಕರಾಜು ಹಾರಿ, ಹುಚ್ಚಯ್ಯನ ಮುಂಗೈ ಹಿಡಿದು, ಇದ್ದ ಬಲವನ್ನೆಲ್ಲ ಹಾಕಿ ಪಕ್ಕಕ್ಕೆಳೆದ. ಬೆಳಕು ಮತ್ತೆ ಪಂಚೆಯ ಮೇಲೆ ಬಿತ್ತು.

ಕಚೇರಿಯ ಮಾಳಿಗೆಯ ಮೇಲೆ, ಲಂಗವನ್ನು ಸೊಂಟಕ್ಕೆ ಸಿಕ್ಕಿಸಿದ ಹುಡುಗಿಯೊಬ್ಬಳು ಕಂಬ ಹತ್ತುತ್ತಿದ್ದಳು. ಅಳಿಲಿನಂತೆ ತುದಿ ಮುಟ್ಟಿ, ಬಾಯಲ್ಲಿ ಕಚ್ಚಿದ್ದ ಬಾವುಟ ಬಿಚ್ಚಿ ಕಟ್ಟಿದಳು. ಗಾಳಿಗೆ ಅದು ಪಟಪಟಿಸಿತು. ಕೆಳಗೆ ಜನ ಕುಣಿದರು. ಪೊಲೀಸರು ಲಾಠಿ ಎತ್ತಿದರು.

ಆಗ ಎಲ್ಲರಿಗಿಂತ ಮೊದಲು ಓಡಿದವನು ಅಮಲ್ದಾರರ ಹಿಂದೆ ಕೊಡೆ ಹಿಡಿದು ನಿಂತಿದ್ದ ಸಣಕಲು ಮನುಷ್ಯ. ಅಮಲ್ದಾರರ ಮಡಿಲ ಮೇಲೇ ಹಾದು, ಕೊಡೆ ತಲೆಕೆಳಗಾಗಿ, ಮೆಟ್ಟಿಲು ತಪ್ಪಿ ಚರಂಡಿಯೊಳಗೆ ಮುಖ ಅಡಿಯಾಗಿ ಬಿದ್ದ. ಇಬ್ಬರು ಕಾನ್ಸ್‌ಟೇಬಲ್‌ಗಳು ಕಾಲು ಹಿಡಿದು ಎಳೆದರು. ಕೆಸರು ಮೆತ್ತಿದ ಮುಖ ಕ್ಯಾಮೆರಾದತ್ತ ತಿರುಗಿ ಪಂಚೆಯ ತುಂಬ ತುಂಬಿಕೊಂಡಿತು. ಅಗಲವಾದ ಎರಡು ಕಿವಿಗಳು. ಚಿತ್ರಕ್ಕೆ ಸದ್ದಿರಲಿಲ್ಲ. ಆದರೂ ಆ ಬಾಯಿ ಏನು ಹೇಳುತ್ತಿದೆಯೆಂದು ಎಳೆಮಗುವಿಗೂ ತಿಳಿಯುವಂತಿತ್ತು: ನಾನಲ್ಲ ಸ್ವಾಮಿ, ನಾನಲ್ಲ!

ಪ್ರತಿ ಆಗಸ್ಟಿನಲ್ಲಿ ಹಾರ ಹಾಕಿಸಿಕೊಳ್ಳುವ ಫೋಟೋದಲ್ಲಿದ್ದದ್ದು ಅದೇ ಮುಖ.

ಕನಕರಾಜುವಿನ ಕೈ ಹುಚ್ಚಯ್ಯನ ಮುಂಗೈ ಮೇಲೆ ಇನ್ನೂ ಹಾಗೇ ಇತ್ತು. ಕತ್ತಲಲ್ಲಿ ಹುಚ್ಚಯ್ಯ ಅವನ ಕಿವಿಗೆ ಬಾಯಿಟ್ಟು ಹೇಳಿದ:

"ಒಂದ್ಸಲ ಟೆಂಟಲ್ಲಿ ಆಕ್ಬುಟ್ಟಿದ್ದೆ ಕಣ್ಲಾ. ನಿಮ್ ತಾತ ಮುಂದ್ಗಡೆ ಕೂತಿದ್ರು. ಮಗೀನಂಗೆ ಅತ್ರು. ಆವತ್ತಿಂದ ಊರೋರು ಬಾಯಿ ಬುಡಲ್ಲ ಅಂತ ತೀರ್ಮಾನ ಮಾಡ್ಕಂಡೋ."

"ಆ ಉಡ್ಗಿ..." ಎಂದ ಕನಕರಾಜು.

"ನಾನೇ" ಎಂದಳು ಪಕ್ಕದಲ್ಲಿದ್ದ ರಾಚಮ್ಮ. "ಮೊದ್ಲು ಓಡಿದೋರೇ ಏರ್ಸಿದೋರು ಅಂತ ನಿಮ್ ತಾತನ್ನ ಇಡ್ಕಂಡೋದ್ರು, ನಾ ಉಳ್ಕಂಡೆ. ಕಂಬ ಹತ್ತಿದೋಳು ಅಂತ ಗೊತ್ತಾಗಿದ್ರೆ ನನ್ನ ಯಾರು ಮದ್ವೆ ಆಗೋರು? ತಪ್ಪಿ ಬಿದ್ದೇ ಆಗ್ಲಿ, ನನ್ನ ಜೈಲು ಅವ್ರು ಉಂಡ್ರು. ನನ್ನ ಎಸ್ರು ಅವ್ರಿಗೆ ಇರ್ಲಿ ಅಂತ ಬುಟ್ಟೆ."

ದೇಶಕ್ಕೆ ಒಂದು ಕಡ್ಡಿಯನ್ನಾದರೂ ಎತ್ತಿದ್ದೀರಾ ಎಂದು ಉಪ್ಸಾರು ಉಂಡ ಬಾಯಲ್ಲಿ ಕೇಳಿದ್ದು ಕನಕರಾಜುವಿನ ಎದೆಯೊಳಗೆ ಚುಚ್ಚಿತು. ದೀಪ ಹತ್ತಿತು. ಶಂಕರ್ ಕುರ್ಚಿಯ ಮೇಲೆ ನಿಂತುಬಿಟ್ಟಿದ್ದರು.

"ಹುಡುಗಿ! ಬಾವುಟ ಏರಿಸಿದ್ದು ಒಬ್ಬ ಹುಡುಗಿ! ಡೆಲ್ಲಿಯವರ ಹತ್ರಾನೂ ಇದಿಲ್ಲ! ಯಾರವಳು?"

"ಇವ್ರೇ ಸಾರ್. ರಾಚಮ್ಮ" ಎಂದ ಕನಕರಾಜು. ಬೆಳಗಿನಿಂದ ಹತ್ತಿದ್ದ ಸಿಟ್ಟು ಆ ಮಾತಿನಲ್ಲಿ ಒಂದಿಷ್ಟೂ ಇರಲಿಲ್ಲ. ರಾಚಮ್ಮ ಅವನ ತೊಡೆ ಚಿವುಟಿದಳು. ತಡವಾಗಿತ್ತು. ಲೈಟು, ಕ್ಯಾಮೆರಾ, ಮೈಕು ಎಲ್ಲವೂ ಅವಳ ಸುತ್ತ ಮುತ್ತಿದವು.

"ಹಾಗಾದ್ರೆ ನಿನ್ನ ತಾತ ಎಲ್ಲಯ್ಯ?" ಎಂದು ಶಂಕರ್ ಹುಬ್ಬು ಗಂಟಿಕ್ಕಿದರು.

ಹುಚ್ಚಯ್ಯ ಮುಂದೆ ಬಂದ. "ಮುಂದ್ಗಡೆ ತಮಟೆ ಹೊಡೀತಿದ್ರಲ್ಲ ಸಾಮಿ, ಎತ್ತರದ ಆಳು. ಅವ್ರೇ ಚಿಕ್ಕಮಲ್ಲಪ್ಪನೋರು."

"ಹೋಗಲಿ, ತಮಟೆ ಹೊಡೆದವರೂ ದೇಶಭಕ್ತರೇ" ಎಂದು ಶಂಕರ್ ಕ್ಷಮಿಸಿದರು. ಮರುಕ್ಷಣವೇ ಬಿದ್ದು ಬಿದ್ದು ನಗತೊಡಗಿದರು. "ಆದ್ರೆ ಆ ಕೊಡೆಯವನು! ಅಯ್ಯೋ ಅವನ ಓಟ! ಅವನ ಕಿವಿ! ಎಲ್ಲೋ ನೋಡಿದ ಹಾಗಿದೆಯಲ್ಲ ಆ ಕಿವಿ. ಯಾರಮ್ಮ ಅವನು?"

"ಯಾರೋ ವೊರಗ್ನೋನು. ಈ ಕಡೆಯೋನಲ್ಲ" ಎಂದಳು ರಾಚಮ್ಮ, ಕ್ಯಾಮೆರಾದ ಕಣ್ಣಿಗೆ ಕಣ್ಣಿಟ್ಟು, ರೆಪ್ಪೆ ಮಿಟುಕಿಸದೆ.

ಕನಕರಾಜು ಹೆಗಲ ಮೇಲಿದ್ದ ಟವೆಲನ್ನು ಮೆಲ್ಲಗೆ ತಲೆಗೆ ಸುತ್ತಿ ಕಿವಿ ಮುಚ್ಚಿಕೊಂಡ.

"ಹೊರಗಿನವನಾದ್ರೂ ವಂಶ ಅಂತ ಇರುತ್ತೆ" ಎಂದರು ಶಂಕರ್. "ಕನಕರಾಜು, ನಿನ್ನ ಕೆಲಸಕ್ಕೆ ಮೆಚ್ಚಿದೆ. ಇನ್ನೊಂದು ಮಾಡಿಬಿಡು. ನಾಳೆ ಸಂಜೆಯೊಳಗೆ ಆ ಕೊಡೆಯವನ ಮಗನೋ ಮೊಮ್ಮಗನೋ, ಯಾರಾದ್ರೂ ಸರಿ, ಹುಡುಕಿ ಕರ್ಕೊಂಡು ಬಾ. ಅವನನ್ನ ಈ ಪರದೆ ಮುಂದೆ ಕೂರಿಸಿ, ಈ ಓಟ ತೋರಿಸಿ, ಮುಖ ಹೇಗಾಗುತ್ತೆ ಅಂತ ಶೂಟ್ ಮಾಡ್ಬೇಕು. ಮೊದಲ ಕಂತಿನ ಜೀವಾಳವೇ ಅದು. ಸಿಗದಿದ್ರೆ ಗೊತ್ತಲ್ಲ, ನಿನ್ನೆ ಹೇಳಿದ್ದೇ ಮಾತು."

"ಒಪ್ಪೋದು ಕಷ್ಟ ಸಾರ್" ಎಂದ ಕನಕರಾಜು ಟವೆಲಿನೊಳಗಿಂದ. "ಅವರ ಮೊಮ್ಮಗ ಬಹಳ ಕೋಪಿಷ್ಠನಂತೆ."

ಶಂಕರ್ ಚಪ್ಪಾಳೆ ತಟ್ಟಿದರು.

"ಕೋಪಿಷ್ಠನಾ? ಇನ್ನೂ ಒಳ್ಳೇದಾಯ್ತು ಬಿಡು! ಅಂಥವರೇ ಕ್ಯಾಮೆರಾ ಮುಂದೆ ಚೆನ್ನಾಗಿ ಬರೋದು."